ನೆಲ್ಲಿಕಾಯಿಯ ಮುರಬ್ಬ, ಮನೆಯಲ್ಲೇ



ಕಾರ್ತಿಕ ಮಾಸ ಬಂತೆಂದರೆ ನಮ್ಮ ಸಂತೆಗಳಲ್ಲಿ ನೆಲ್ಲಿಕಾಯಿಯ ಗುಡ್ಡೆಗಳು ಏಳುತ್ತವೆ. ಉತ್ಥಾನ ದ್ವಾದಶಿಯ ಸಂಜೆ ತುಳಸಿ ಕಟ್ಟೆಯಲ್ಲಿ ಕಾಯಿ ಇರುವ ನೆಲ್ಲಿಯ ಕೊಂಬೆ ನೆಟ್ಟು, ನೆಲ್ಲಿಕಾಯಿಯ ತಲೆ ಕೊರೆದು ತುಪ್ಪದ ಬತ್ತಿ ಇಟ್ಟು ಆರತಿ ಬೆಳಗುತ್ತೇವೆ. ಹಬ್ಬ ಮುಗಿದ ಮೇಲೆ ಒಂದಷ್ಟು ಕಾಯಿ ಉಪ್ಪಿನಕಾಯಿಗೆ ಹೋಗುತ್ತದೆ, ಒಂದಷ್ಟು ತಂಬುಳಿಗೆ, ಚಿತ್ರಾನ್ನಕ್ಕೆ. ಉಳಿದದ್ದು ಉಪ್ಪು ಖಾರ ಹಚ್ಚಿಕೊಂಡು ಮಕ್ಕಳ ಬಾಯಿಗೆ. ಆದರೆ ಮುರಬ್ಬ ಮಾಡುವ ಮನೆಗಳು ಕಡಿಮೆಯಾಗುತ್ತಾ ಬಂದಿವೆ. ಅಂಗಡಿಯಲ್ಲಿ ಸಿಗುತ್ತದಲ್ಲ, ಯಾರು ಅಷ್ಟು ದಿನ ಕಾಯುತ್ತಾರೆ ಎಂಬ ಮಾತು ಎಲ್ಲ ಕಡೆ ಕೇಳುತ್ತದೆ.

ನನಗೆ ಹೇಳಬೇಕಾಗಿರುವುದು ಆ ಕಾಯುವಿಕೆಯ ಬಗ್ಗೆಯೇ. ಮುರಬ್ಬಕ್ಕೆ ನಾಲ್ಕೈದು ದಿನ ಹಿಡಿಯುತ್ತದೆ, ನಿಜ. ಆದರೆ ಒಲೆಯ ಮುಂದೆ ನಿಲ್ಲುವುದು ದಿನಕ್ಕೆ ಅರ್ಧ ಗಂಟೆ, ಅದೂ ಆಗದಿರಬಹುದು. ಮಿಕ್ಕ ಹೊತ್ತೆಲ್ಲ ಕಾಯಿ ಪಾಕದಲ್ಲಿ ಸುಮ್ಮನೆ ಕುಳಿತಿರುತ್ತದೆ, ನೀವು ನಿಮ್ಮ ಕೆಲಸ ನೋಡಿಕೊಳ್ಳುತ್ತಿರುತ್ತೀರಿ. ಸಕ್ಕರೆ ಕಾಯಿಯ ಒಳಗೆ, ಬೀಜದ ತನಕ ಇಳಿಯಲು ಹೊತ್ತು ಬೇಕು. ಆ ಹೊತ್ತನ್ನು ಕೊಟ್ಟರೆ ಈ ಕೆಲಸದಲ್ಲಿ ಕಷ್ಟ ಎಂಬುದು ಏನೂ ಇಲ್ಲ. ಕೊಡದಿದ್ದರೆ ಎಷ್ಟು ಒಳ್ಳೆಯ ಕಾಯಿ ತಂದರೂ, ಎಷ್ಟು ಏಲಕ್ಕಿ ಹಾಕಿದರೂ ಫಲವಿಲ್ಲ.

ಮೊದಲು ಕಾಯಿ ಆರಿಸುವ ಮಾತು. ಪೇಟೆಗೆ ಎರಡು ಬಗೆಯ ನೆಲ್ಲಿ ಬರುತ್ತದೆ. ಒಂದು ಕಾಡಿನ ಬೆಟ್ಟದ ನೆಲ್ಲಿ: ಸಣ್ಣದು, ಒಗರು ಜಾಸ್ತಿ, ನಾರೂ ಜಾಸ್ತಿ. ಬಿಳಿಗಿರಿರಂಗನ ಬೆಟ್ಟದ ಸೋಲಿಗರಂಥ ಕಾಡಿನ ಜನ ಆಯ್ದು ತರುವುದು ಇದನ್ನೇ. ಇನ್ನೊಂದು ತೋಟದ ಕಸಿ ನೆಲ್ಲಿ: ನಿಂಬೆಯ ಗಾತ್ರ, ತೆಳು ಹಸಿರು, ಬೆಳಕಿಗೆ ಹಿಡಿದರೆ ಒಳಗಿನ ತಿರುಳು ಗಾಜಿನ ಹಾಗೆ ಕಾಣುತ್ತದೆ. ಬನಾರಸಿ, ಚಕಯ್ಯಾ, ಕೃಷ್ಣಾ, ಎನ್‌ಎ-7 ಎಂಬ ತಳಿಗಳೆಲ್ಲ ಈ ಗುಂಪಿನವು. ಉತ್ತರ ಪ್ರದೇಶದ ಪ್ರತಾಪಗಡ ಇವುಗಳಿಗೆ ಹೆಸರಾದ ಸೀಮೆ. ಉಪ್ಪಿನಕಾಯಿಗೆ, ತಂಬುಳಿಗೆ ಕಾಡು ನೆಲ್ಲಿಗೆ ಸಮ ಇಲ್ಲ. ಮುರಬ್ಬಕ್ಕೆ ಮಾತ್ರ ನಾನು ದೊಡ್ಡ ಕಸಿ ಕಾಯಿಯನ್ನೇ ಹೇಳುತ್ತೇನೆ. ತಿರುಳು ದಪ್ಪವಿದ್ದರೆ ಪಾಕ ಕುಡಿದ ಮೇಲೂ ಕಚ್ಚಿ ತಿನ್ನಲು ಏನಾದರೂ ಉಳಿದಿರುತ್ತದೆ. ಕಲೆ, ಪೆಟ್ಟು, ಸೀಳು ಇರುವ ಕಾಯಿ ಬೇಡ. ಒಂದೇ ಗಾತ್ರದವನ್ನು ಆರಿಸಿ, ಇಲ್ಲವಾದರೆ ಸಣ್ಣದು ಬೆಂದು ಕರಗುವ ಹೊತ್ತಿಗೆ ದೊಡ್ಡದು ಹಸಿಯಾಗಿಯೇ ಇರುತ್ತದೆ.

ಕಾಗದ, ಪೆನ್ನು ಹತ್ತಿರ ಇದ್ದರೆ ಬರೆದುಕೊಳ್ಳಿ. ಒಂದು ಕಿಲೋ ನೆಲ್ಲಿಕಾಯಿ. ಒಂದೂಕಾಲು ಕಿಲೋ ಸಕ್ಕರೆ. ಉಪ್ಪು, ಎಲೆಯಡಿಕೆಗೆ ಹಚ್ಚುವ ಸುಣ್ಣ. ಏಲಕ್ಕಿ ಎಂಟು ಹತ್ತು, ಲವಂಗ ನಾಲ್ಕು, ಎರಡು ಅಂಗುಲದ ಒಂದು ತುಂಡು ದಾಲ್ಚಿನ್ನಿ, ಹತ್ತು ಕಾಳುಮೆಣಸು, ಬೆರಳಿನ ಉಗುರಿನಷ್ಟು ಒಣಶುಂಠಿ. ಮನೆಯಲ್ಲಿದ್ದರೆ ನಾಲ್ಕೆಸಳು ಕೇಸರಿ. ಇನ್ನೊಮ್ಮೆ ಹೇಳುತ್ತೇನೆ: ಕಾಯಿ ಒಂದು ಕಿಲೋ, ಸಕ್ಕರೆ ಒಂದೂಕಾಲು ಕಿಲೋ.

ಪಾತ್ರೆಯ ವಿಷಯ ಇಲ್ಲೇ ಹೇಳಿಬಿಡಬೇಕು. ಕಬ್ಬಿಣದ ಬಾಣಲೆ ಕೂಡದು. ನೆಲ್ಲಿಯ ಒಗರು ಎಂಬುದು ಟ್ಯಾನಿನ್. ಅದಕ್ಕೆ ಕಬ್ಬಿಣ ಸೋಕಿದರೆ ಕಪ್ಪಾಗುತ್ತದೆ. ನಮ್ಮ ಹಿರಿಯರು ಅಳಲೆಕಾಯಿಗೆ ಅನ್ನಭೇದಿ ಬೆರೆಸಿ ಬರೆಯುವ ಶಾಯಿ ಮಾಡುತ್ತಿದ್ದದ್ದು ಇದೇ ಗುಣದಿಂದ. ಅನ್ನಭೇದಿ ಕಬ್ಬಿಣದ ಲವಣ, ಅಳಲೆಯಲ್ಲಿ ಇರುವುದೂ ನೆಲ್ಲಿಯದರಂಥ ಒಗರೇ. ಶಾಯಿಗೆ ಒಳ್ಳೆಯದಾದ ಆ ಬಣ್ಣ ಮುರಬ್ಬಕ್ಕೆ ಬೇಡ. ಕಲಾಯಿ ಇಲ್ಲದ ಹಿತ್ತಾಳೆ, ತಾಮ್ರವೂ ಬೇಡ, ಅಲ್ಯೂಮಿನಿಯಂ ಕೂಡ ಹುಳಿಗೆ ಸೂಕ್ತವಲ್ಲ. ದಪ್ಪ ತಳದ ಸ್ಟೀಲ್ ಪಾತ್ರೆ ಸಾಕು. ಚುಚ್ಚಲು ಸ್ಟೀಲಿನ ಮುಳ್ಳುಚಮಚ ಅಥವಾ ಬಿದಿರಿನ ಕಡ್ಡಿ.

ಕಾಯಿ ತೊಳೆದು ಸುತ್ತಲೂ ಚುಚ್ಚಿ. ಮೇಲೆ ಮೇಲೆ ಚುಚ್ಚಿದರೆ ಸಾಲದು, ಕಡ್ಡಿ ಬೀಜಕ್ಕೆ ತಾಗಬೇಕು. ನೆಲ್ಲಿಯ ಸಿಪ್ಪೆ ಮೇಣ ಬಳಿದಂತೆ ನಯವಾಗಿದ್ದು, ಪಾಕವನ್ನು ಒಳಗೆ ಬಿಡುವುದಿಲ್ಲ. ಸಕ್ಕರೆ ಹೋಗುವ ದಾರಿ ಈ ತೂತುಗಳೇ. ಒಂದೊಂದು ಕಾಯಿಗೆ ಇಪ್ಪತ್ತು ಇಪ್ಪತ್ತೈದು ಚುಚ್ಚು ಬೀಳಲಿ. ಕಿಲೋ ಕಾಯಿ ಚುಚ್ಚುವ ಹೊತ್ತಿಗೆ ಬೆರಳು ನೋಯುತ್ತದೆ. ಮನೆಯವರನ್ನೆಲ್ಲ ಕೂರಿಸಿಕೊಂಡು ಮಾಡುವ ಕೆಲಸ ಇದು. ಮಕ್ಕಳು ಆಸೆಯಿಂದ ಮಾಡುತ್ತಾರೆ, ದೊಡ್ಡವರೊಬ್ಬರು ಜೊತೆಗಿರಲಿ.

ಚುಚ್ಚಿದ ಕಾಯಿಯನ್ನು ಉಪ್ಪುನೀರಿನಲ್ಲಿ ಮುಳುಗಿಸಿಡಿ. ಲೀಟರು ನೀರಿಗೆ ನಾಲ್ಕು ಚಹಾ ಚಮಚ, ಎಂದರೆ ಸುಮಾರು 20 ಗ್ರಾಂ ಉಪ್ಪು. ಒಂದು ರಾತ್ರಿ ಬಿಟ್ಟರೆ ಒಗರಿನಲ್ಲಿ ಒಂದು ಪಾಲು ನೀರಿಗೆ ಇಳಿಯುತ್ತದೆ. ಬೆಳಿಗ್ಗೆ ಆ ನೀರು ಚೆಲ್ಲಿ, ಕಾಯಿ ತೊಳೆದು, ತಿಳಿಸುಣ್ಣದ ನೀರಿಗೆ ಹಾಕಿ. ಎರಡು ಚಹಾ ಚಮಚ ತಿನ್ನುವ ಸುಣ್ಣವನ್ನು ಲೀಟರು ನೀರಿನಲ್ಲಿ ಕದಡಿ ಗಂಟೆ ಹೊತ್ತು ಬಿಟ್ಟರೆ ಸುಣ್ಣ ತಳಕ್ಕೆ ಕೂರುತ್ತದೆ, ಮೇಲಿನ ತಿಳಿಯನ್ನಷ್ಟೇ ಬಸಿದುಕೊಳ್ಳಬೇಕು. ಸುಣ್ಣದ ಕ್ಯಾಲ್ಸಿಯಂ ಕಾಯಿಯ ಪೆಕ್ಟಿನ್ನಿನ ಜೊತೆ ಸೇರಿ ತಿರುಳನ್ನು ಬಿಗಿ ಮಾಡುತ್ತದೆ. ಆಗ್ರಾದ ಪೇಠಾದ ಬೂದುಗುಂಬಳ ಬೆಂದರೂ ಗರಿಗರಿಯಾಗಿ ಉಳಿಯುವುದು ಈ ಸುಣ್ಣದಿಂದಲೇ. ಕೆಲವರು ಸುಣ್ಣದ ಬದಲು ಪಟಿಕ ಹಾಕುತ್ತಾರೆ. ಅದರಿಂದಲೂ ಕೆಲಸವಾಗುತ್ತದೆ, ಆದರೆ ಸರಿಯಾಗಿ ತೊಳೆಯದಿದ್ದರೆ ನಾಲಿಗೆಗೆ ಹಿಡಿಯುತ್ತದೆ. ನನ್ನ ಆಯ್ಕೆ ಸುಣ್ಣವೇ. ಐದಾರು ಗಂಟೆ ನೆನೆದ ಮೇಲೆ ನಾಲ್ಕು ನೀರಿನಲ್ಲಿ ಚೆನ್ನಾಗಿ ತೊಳೆಯಿರಿ. ನಾಲ್ಕು ನೀರು ಎಂದರೆ ನಾಲ್ಕೇ, ಇಲ್ಲಿ ಉಳಿತಾಯ ಬೇಡ.

ಈಗ ಬೇಯಿಸುವುದು. ಬೇರೆ ಪಾತ್ರೆಯಲ್ಲಿ ನೀರು ಕುದಿಸಿ, ಕಾಯಿ ಹಾಕಿ, ಒಲೆಯ ಹತ್ತಿರವೇ ನಿಲ್ಲಿ. ನೆಲ್ಲಿಯ ಮೈ ಮೇಲೆ ತಲೆಯಿಂದ ಬುಡಕ್ಕೆ ಆರು ಗೆರೆಗಳಿವೆ. ಹಸಿಯಾಗಿರುವಾಗ ಅವು ಬರಿ ಗೆರೆಗಳು. ನೀರು ಮತ್ತೆ ಕುದಿಯತೊಡಗಿದ ಕೆಲವು ನಿಮಿಷಕ್ಕೆ ಹಸಿರು ಬಣ್ಣ ಮಾಸಿ ತಿಳಿಹಳದಿಗೆ ತಿರುಗುತ್ತದೆ, ಆ ಗೆರೆಗಳು ಕೂದಲೆಳೆಯಷ್ಟು ಬಾಯಿ ಬಿಡುತ್ತವೆ. ಅಷ್ಟು ಕಂಡ ಕೂಡಲೇ ಇಳಿಸಬೇಕು. ಇನ್ನೆರಡು ನಿಮಿಷ ಬಿಟ್ಟರೆ ಕಾಯಿ ಆರು ಎಸಳಾಗಿ ಬಿಚ್ಚಿಕೊಂಡು ಬೀಜ ಹೊರಗೆ ಬರುತ್ತದೆ. ಹಾಗಾದರೂ ಚಿಂತೆಯಿಲ್ಲ, ಎಸಳನ್ನೇ ಪಾಕಕ್ಕೆ ಹಾಕಬಹುದು, ರುಚಿಗೆ ಕೊರತೆ ಬರುವುದಿಲ್ಲ. ಬಸಿದು ಬಟ್ಟೆಯ ಮೇಲೆ ಹರಡಿ, ಮೇಲಿನ ನೀರು ಆರಲಿ.

ಇನ್ನು ಪಾಕ. ಇಡೀ ಕೆಲಸದ ಜೀವ ಇರುವುದು ಇಲ್ಲಿ, ಹಾಗಾಗಿ ಸ್ವಲ್ಪ ನಿಧಾನವಾಗಿ ಹೇಳುತ್ತೇನೆ. ಅವಸರದವರು ಒಂದೇ ಸಲಕ್ಕೆ ಗಟ್ಟಿ ಪಾಕ ಮಾಡಿ ಕಾಯಿಯನ್ನು ಅದರಲ್ಲಿ ಅದ್ದಿ ಕುದಿಸುತ್ತಾರೆ. ಆಗ ಆಗುವುದೇನು? ಹೊರಗೆ ಸಕ್ಕರೆ ದಟ್ಟವಾಗಿದೆ, ಕಾಯಿಯ ಒಳಗೆ ನೀರು ತುಂಬಿದೆ. ನೀರು ಹೊರಗೆ ಓಡುವಷ್ಟು ಬೇಗ ಸಕ್ಕರೆ ಒಳಗೆ ಹೋಗಲಾರದು. ಕಾಯಿ ಹಿಂಡಿದಂತೆ ಸುಕ್ಕುಗಟ್ಟಿ ಚರ್ಮದ ಉಂಡೆಯಾಗುತ್ತದೆ. ಒಮ್ಮೆ ಹಾಗಾದ ಮೇಲೆ ಎಷ್ಟು ದಿನ ನೆನೆಸಿದರೂ ಅದು ಮತ್ತೆ ಉಬ್ಬುವುದಿಲ್ಲ. ತೆಳು ಪಾಕದಿಂದ ಶುರುಮಾಡಿ ದಿನದಿನಕ್ಕೆ ಗಟ್ಟಿ ಮಾಡುತ್ತಾ ಹೋದರೆ ಒಳಗಿನ ನೀರು ಹೊರಗೆ ಬರುವುದೂ ಹೊರಗಿನ ಸಕ್ಕರೆ ಒಳಗೆ ಹೋಗುವುದೂ ಹೆಚ್ಚುಕಡಿಮೆ ಒಂದೇ ನಡಿಗೆಯಲ್ಲಿ ಸಾಗುತ್ತವೆ, ಕಾಯಿ ಗುಂಡಗೇ ಉಳಿಯುತ್ತದೆ. ಮೈಸೂರಿನ ಚೆಲುವಾಂಬ ಅರಮನೆಯಲ್ಲಿ 1950ರಲ್ಲಿ ಆರಂಭವಾದ ಸಿಎಫ್‌ಟಿಆರ್‌ಐ ಸಂಸ್ಥೆಯನ್ನು ನೀವೆಲ್ಲ ಬಲ್ಲಿರಿ. ಹಣ್ಣು ಕೆಡದಂತೆ ಇಡುವ ಬಗ್ಗೆ ಅಲ್ಲಿನ ವಿಜ್ಞಾನಿಗಳು ಕೆಲಸ ಮಾಡುತ್ತಲೇ ಬಂದಿದ್ದಾರೆ. ಮುರಬ್ಬಕ್ಕೆ ಹಂತಹಂತವಾಗಿ ಪಾಕ ಏರಿಸಬೇಕು ಎಂದು ಆಹಾರ ವಿಜ್ಞಾನ ಹೇಳುತ್ತದೆ. ನಮ್ಮ ಅಜ್ಜಿಯರೂ ಮಾಡುತ್ತಿದ್ದದ್ದು ಅದನ್ನೇ.

ಮೊದಲ ದಿನ ಮುಕ್ಕಾಲು ಕಿಲೋ ಸಕ್ಕರೆಗೆ ಮೂರು ದೊಡ್ಡ ಲೋಟ, ಎಂದರೆ ಸುಮಾರು 600 ಮಿಲಿಲೀಟರು ನೀರು ಸೇರಿಸಿ ಕುದಿಸಿ. ಒಂದು ಚಮಚ ಹಾಲು ಬಿಟ್ಟರೆ ಸಕ್ಕರೆಯ ಕೊಳೆ ನೊರೆಯಾಗಿ ಮೇಲೆ ಬರುತ್ತದೆ, ಜಾಲರಿ ಸೌಟಿನಲ್ಲಿ ತೆಗೆಯಿರಿ. ಪಾಕ ಎಳೆ ಬರಬಾರದು, ಶರಬತ್ತಿನಂತೆ ತೆಳ್ಳಗಿರಲಿ. ಅದಕ್ಕೆ ಕಾಯಿ ಹಾಕಿ, ಎರಡು ಕುದಿ ಬಂದ ಕೂಡಲೇ ಇಳಿಸಿ ಮುಚ್ಚಿಡಿ. ಕಾಯಿ ತೇಲುತ್ತಿದ್ದರೆ ಮೇಲೊಂದು ತಟ್ಟೆ ಇಟ್ಟು ಮುಳುಗಿಸಿ.

ಎರಡನೆಯ ದಿನ ನೋಡಿದರೆ ಪಾಕ ನೀರಾಗಿರುತ್ತದೆ. ಕಾಯಿ ತನ್ನ ನೀರನ್ನು ಬಿಟ್ಟಿದೆ ಎಂದರ್ಥ, ಗಾಬರಿ ಬೇಡ. ಕಾಯಿಗಳನ್ನು ತೆಗೆದು ಬೇರೆ ಇಟ್ಟು, ಪಾಕಕ್ಕೆ ಕಾಲು ಕಿಲೋ ಸಕ್ಕರೆ ಸೇರಿಸಿ, ಬೆರಳಿಗೆ ಅಂಟುವ ಹದಕ್ಕೆ ಕುದಿಸಿ, ಉಗುರುಬೆಚ್ಚಗಾದ ಮೇಲೆ ಕಾಯಿಗಳನ್ನು ಮತ್ತೆ ಅದರೊಳಗೆ ಬಿಡಿ. ಮೂರನೆಯ ದಿನ ಉಳಿದ ಕಾಲು ಕಿಲೋ ಸಕ್ಕರೆ ಹಾಕಿ ಅದನ್ನೇ ಮಾಡಿ. ನಾಲ್ಕನೆಯ ದಿನ ಸಕ್ಕರೆ ಏನೂ ಹಾಕದೆ ಪಾಕವನ್ನಷ್ಟೇ ಒಂದೆಳೆಗೆ ತನ್ನಿ. ಒಂದು ತೊಟ್ಟು ಪಾಕ ತಟ್ಟೆಯಲ್ಲಿ ಆರಿಸಿ ಹೆಬ್ಬೆರಳು ತೋರುಬೆರಳಿನ ನಡುವೆ ಹಿಡಿದು ಬಿಡಿಸಿದರೆ ಒಂದೇ ಎಳೆ ಬಂದು ಅರೆಗಳಿಗೆ ನಿಂತು ತುಂಡಾಗಬೇಕು. ಎರಡು ಮೂರು ಎಳೆ ಬಂದರೆ ಪಾಕ ಮೀರಿತು, ಎರಡು ಚಮಚ ನೀರು ಬಿಟ್ಟು ಸರಿಮಾಡಿಕೊಳ್ಳಿ.

ನಮ್ಮ ಧಾರವಾಡದ ಸೋದರತ್ತೆ ಮೂರನೆಯ ದಿನವೇ ಬಾಟಲಿಗೆ ತುಂಬಲು ಹೊರಟ ಸೊಸೆಗೆ ಹೇಳಿದ ಮಾತು ನೆನಪಿದೆ: "ಇನ್ನೊಂದು ರಾತ್ರಿ ಇರಲಿ ಬಿಡವಾ, ಅದೇನು ಊರು ಬಿಟ್ಟು ಓಡಿ ಹೋಗತದೇನು?" ಮರುದಿನ ಬೆಳಿಗ್ಗೆ ಆಕೆ ಒಂದು ಕಾಯನ್ನು ಚಾಕುವಿನಿಂದ ನಡುವೆ ಸೀಳಿ ಸೊಸೆಯ ಕೈಗೆ ಕೊಟ್ಟರು. ಸಿಪ್ಪೆಯಿಂದ ಬೀಜದ ತನಕ ತಿರುಳು ಒಂದೇ ಬಣ್ಣ, ಜೇನಿನ ಬಣ್ಣ. ನಡುವೆ ಬಿಳಿ ಅಥವಾ ಮಂಕು ಹಸಿರಿನ ಸುತ್ತು ಕಂಡರೆ ಸಕ್ಕರೆ ಅಲ್ಲಿಗೆ ಇನ್ನೂ ತಲುಪಿಲ್ಲ ಎಂದು ಲೆಕ್ಕ. ಎಳೆ ನೋಡುವುದರ ಜೊತೆ ಈ ಪರೀಕ್ಷೆಯನ್ನೂ ಮಾಡಿ ಎಂದು ನಾನು ಎಲ್ಲರಿಗೂ ಹೇಳುತ್ತೇನೆ. ಪಾಕದ ಹದ ಎಳೆಯಿಂದ ತಿಳಿಯುತ್ತದೆ, ಕಾಯಿಯ ಹದ ತಿಳಿಯಲು ಒಂದು ಕಾಯನ್ನು ಸೀಳಲೇಬೇಕು.

ಥರ್ಮಾಮೀಟರ್ ಇಟ್ಟುಕೊಂಡು ಮಾಡುವವರಿಗೆ ಒಂದು ಮಾತು. ಪಾಕ 105 ಡಿಗ್ರಿ ಬರಬೇಕು ಎಂದು ಪುಸ್ತಕಗಳಲ್ಲಿ ಓದಿರುತ್ತೀರಿ. ಅದು ಸಮುದ್ರ ಮಟ್ಟದ ಲೆಕ್ಕ. ಮಂಗಳೂರಿನಲ್ಲಿ ನೀರು 100 ಡಿಗ್ರಿಗೆ ಕುದಿದರೆ, 900 ಮೀಟರು ಎತ್ತರದ ಬೆಂಗಳೂರಿನಲ್ಲಿ 97ಕ್ಕೇ ಕುದಿಯುತ್ತದೆ, ಮಡಿಕೇರಿಯಲ್ಲಿ ಅದಕ್ಕೂ ಕಡಿಮೆ. ಆದ್ದರಿಂದ ನಿಮ್ಮೂರಿನಲ್ಲಿ ಬರಿ ನೀರು ಎಷ್ಟಕ್ಕೆ ಕುದಿಯುತ್ತದೆಂದು ಮೊದಲು ನೋಡಿಕೊಂಡು, ಅದಕ್ಕಿಂತ ಐದಾರು ಡಿಗ್ರಿ ಮೇಲೆ ಬಂದಾಗ ಇಳಿಸಿ. ಆಗ ಪಾಕದ ತೂಕದಲ್ಲಿ ನೂರಕ್ಕೆ 70ರ ಆಸುಪಾಸು ಸಕ್ಕರೆ ಇರುತ್ತದೆ. ಅಷ್ಟು ಸಕ್ಕರೆಯ ನಡುವೆ ಬೂಷ್ಟಿಗಾಗಲಿ ಹುಳಿಸುವ ಯೀಸ್ಟಿಗಾಗಲಿ ಬದುಕಲು ಬೇಕಾದ ನೀರು ದಕ್ಕುವುದಿಲ್ಲ. ಬೇರೆ ಯಾವ ರಾಸಾಯನಿಕವೂ ಬೇಡ.

ಮಸಾಲೆಯ ಸರದಿ. ನೆಲ್ಲಿಗೂ ಸಾಂಬಾರ ಪದಾರ್ಥಗಳಿಗೂ ಇರುವ ನಂಟು ತೀರಾ ಹಳೆಯದು. ಚರಕ ಸಂಹಿತೆಯ ಚ್ಯವನಪ್ರಾಶದಲ್ಲಿ 500 ನೆಲ್ಲಿಕಾಯಿಯ ಜೊತೆ ಹಿಪ್ಪಲಿ, ಏಲಕ್ಕಿ, ದಾಲ್ಚಿನ್ನಿ, ನಾಗಕೇಸರ ಬರುತ್ತವೆ. ಮುರಬ್ಬಕ್ಕೆ ಅಷ್ಟೆಲ್ಲ ಬೇಕಿಲ್ಲ. ಹುಳಿ ಒಗರಿನ ಕಾಯಿಗೆ ಕಂಪು ಬೇಕು, ಸ್ವಲ್ಪ ಬಿಸುಪು ಬೇಕು, ಆದರೆ ಬಾಯಿಗಿಟ್ಟಾಗ ಮೊದಲು ತಿಳಿಯಬೇಕಾದದ್ದು ನೆಲ್ಲಿಯೇ.

ಪುಡಿ ಹಾಕಬೇಡಿ, ಪಾಕ ಕಲಕಾಗಿ ಮಂಕಾಗುತ್ತದೆ. ದಾಲ್ಚಿನ್ನಿ, ಮೆಣಸು, ಜಜ್ಜಿದ ಒಣಶುಂಠಿಯನ್ನು ತೆಳು ಬಿಳಿ ಬಟ್ಟೆಯಲ್ಲಿ ಸಡಿಲವಾಗಿ ಗಂಟು ಕಟ್ಟಿ ಎರಡನೆಯ ದಿನದ ಪಾಕಕ್ಕೆ ಬಿಡಿ. ದಾಲ್ಚಿನ್ನಿ ಕೊಳ್ಳುವಾಗ ತೆಳ್ಳಗೆ, ಪದರ ಪದರವಾಗಿ ಸುರುಳಿ ಸುತ್ತಿದ್ದನ್ನು ಆರಿಸಿ. ದಪ್ಪ ಮರದ ತೊಗಟೆಯಂತಿರುವುದು ಕ್ಯಾಸಿಯಾ, ಅದರ ಖಾರ ಹೆಚ್ಚು, ಸಿಹಿ ಕಂಪು ಕಡಿಮೆ. ಲವಂಗವನ್ನು ಮೂರನೆಯ ದಿನ ಹಾಕಿ ನಾಲ್ಕನೆಯ ದಿನ ಗಂಟಿನ ಜೊತೆ ತೆಗೆದುಬಿಡಿ. ಅದು ಪಾಕದಲ್ಲಿ ವಾರಗಟ್ಟಲೆ ಕುಳಿತರೆ ತಿನ್ನುವಾಗ ಹಲ್ಲುನೋವಿನ ಮದ್ದಿನ ನೆನಪು ಬರುತ್ತದೆ. ಎರಡರಲ್ಲೂ ಇರುವುದು ಒಂದೇ ಯೂಜೆನಾಲ್ ಎಣ್ಣೆ. ಏಲಕ್ಕಿ ಕೊನೆಗೆ. ಅದರ ಕಂಪು ಕುದಿಯುವ ಆವಿಯೊಂದಿಗೆ ಹಾರಿಹೋಗುವಂಥದು, ಒಲೆ ಆರಿಸಿದ ಮೇಲೆ ಬೀಜ ಬಿಡಿಸಿ, ಒಂದೇ ಪೆಟ್ಟು ಕುಟ್ಟಿ, ಪಾಕಕ್ಕೆ ಹಾಕಿ ಮುಚ್ಚಿಡಿ. ಏಲಕ್ಕಿಯಲ್ಲಿ ಮಾತ್ರ ಕೈ ಬಿಗಿ ಹಿಡಿಯಬೇಡಿ. ಸಕಲೇಶಪುರ, ಮೂಡಿಗೆರೆ, ಕೊಡಗಿನಲ್ಲಿ ಏಲಕ್ಕಿ ಬೆಳೆಯುವ, ಹಾವೇರಿಯಲ್ಲಿ ಅದನ್ನು ಹಾರವಾಗಿ ಪೋಣಿಸುವ ನಾಡಿನವರು ನಾವು. ಕೇಸರಿ ಇದ್ದರೆ ಬಿಸಿ ಪಾಕದ ಎರಡು ಚಮಚದಲ್ಲಿ ನೆನೆಸಿ ಸೇರಿಸಿ.

ಮುರಬ್ಬ ಗಾಜಿನ ಬಾಟಲಿಗೋ ಪಿಂಗಾಣಿ ಭರಣಿಗೋ ಹೋಗಲಿ. ಗಾಜಿನ ಬಾಟಲಿಯನ್ನು ತಳದಲ್ಲಿ ಬಟ್ಟೆ ಹಾಸಿದ ನೀರಿನ ಪಾತ್ರೆಯಲ್ಲಿ ಹದಿನೈದು ನಿಮಿಷ ಕುದಿಸಿ, ಬಿಸಿಲಲ್ಲಿ ಹನಿ ನೀರಿಲ್ಲದಂತೆ ಒಣಗಿಸಿ. ಭರಣಿಯಾದರೆ ಕುದಿನೀರಿನಲ್ಲಿ ತೊಳೆದು ಹಾಗೆಯೇ ಒಣಗಿಸಿ. ಕಾಯಿ ಪಾಕದಲ್ಲಿ ಪೂರ್ತಿ ಮುಳುಗಿರಬೇಕು. ವಾರ ಕಳೆದ ಮೇಲೆ ಮುಚ್ಚಳ ತೆಗೆದು ಪಾಕ ನೋಡುವುದನ್ನು ಮರೆಯಬೇಡಿ. ಬಹಳ ಮನೆಗಳಲ್ಲಿ ಮುರಬ್ಬ ಕೆಡುವುದು ಇದನ್ನು ಮಾಡದೆ ಬಿಟ್ಟಾಗ. ಕಾಯಿಯ ಒಳಗೆ ಉಳಿದಿದ್ದ ನೀರು ಆ ವಾರದಲ್ಲಿ ಹೊರಬಂದು ಪಾಕ ಮತ್ತೆ ತೆಳ್ಳಗಾಗಿರುತ್ತದೆ. ಹಾಗಿದ್ದರೆ ಪಾಕವನ್ನು ಬಸಿದು ಇನ್ನೊಮ್ಮೆ ಒಂದೆಳೆಗೆ ಕುದಿಸಿ, ಆರಿಸಿ, ಮತ್ತೆ ಸುರಿಯಿರಿ. ಆಮೇಲೆ ವರ್ಷ ಇಟ್ಟರೂ ಜಗ್ಗುವುದಿಲ್ಲ. ಭರಣಿಗೆ ಒದ್ದೆ ಕೈ ಸೋಕಿಸಬಾರದು, ಎಂಜಲು ಚಮಚ ಹಾಕಬಾರದು ಎಂದು ಹಿರಿಯರು ಗದರುತ್ತಿದ್ದದ್ದರಲ್ಲಿ ಪೂರ್ತಿ ಸತ್ಯವಿದೆ: ಒಂದು ಹನಿ ನೀರು ಬಿದ್ದ ಜಾಗದಲ್ಲಿ ಪಾಕ ತೆಳ್ಳಗಾಗಿ ಬೂಷ್ಟು ಬೇರೂರುತ್ತದೆ. ಮೇಲೆ ಬೂಷ್ಟು ಕಂಡರೆ, ಗುಳ್ಳೆ ಎದ್ದು ಹುಳಿತ ವಾಸನೆ ಬಂದರೆ, ಕೆನೆ ತೆಗೆದ ಹಾಗೆ ಅದನ್ನಷ್ಟೇ ತೆಗೆದು ತಿನ್ನಲು ಹೋಗಬೇಡಿ. ಪೂರ್ತಿ ಚೆಲ್ಲಿ.

ಬೆಲ್ಲದಲ್ಲಿ ಮಾಡಬಹುದೇ ಎಂದು ಕೇಳುವವರಿದ್ದಾರೆ. ಮಾಡಬಹುದು, ಬೆಲ್ಲವನ್ನು ಕರಗಿಸಿ ಸೋಸಿಕೊಳ್ಳಬೇಕು. ಬಣ್ಣ ಕಂದು, ರುಚಿ ಬೇರೆ. ಆದರೆ ಬೆಲ್ಲದ ಸ್ವಂತ ಪರಿಮಳ ಜೋರಾದದ್ದು, ನೆಲ್ಲಿಯ ನವುರು ಅದರಡಿ ಮುಚ್ಚಿಹೋಗುತ್ತದೆ. ಬೆಲ್ಲ ನಿಜವಾಗಿ ಒಪ್ಪುವುದು ಮಾವಿನಕಾಯಿಗೆ. ಬೆಳಗಾವಿ, ಧಾರವಾಡದ ಕಡೆ ಬೇಸಿಗೆಯಲ್ಲಿ ಮಾಡುವ ಗುಳಂಬ ಅದೇ ತಾನೆ: ತುರಿದ ಮಾವಿನಕಾಯಿ, ಅದರಷ್ಟೇ ಅಥವಾ ಸ್ವಲ್ಪ ಹೆಚ್ಚು ಬೆಲ್ಲ, ಏಲಕ್ಕಿ, ಒಂದೆರಡು ಲವಂಗ. ಬಿಸಿ ಚಪಾತಿಗೆ ಅದಕ್ಕಿಂತ ಒಳ್ಳೆಯ ಜೊತೆ ನಾನು ಕಾಣೆ. ಬನವಾಸಿ ಕಡೆಯ ಅನಾನಸ್ ಹಣ್ಣನ್ನೂ ಇದೇ ಮಸಾಲೆಯ ಗಂಟು ಹಾಕಿ ಪಾಕದಲ್ಲಿ ಇಡಬಹುದು, ಅದಕ್ಕೆ ಸುಣ್ಣವೂ ಬೇಡ, ಉಪ್ಪುನೀರೂ ಬೇಡ.

ಒಂದು ಎಚ್ಚರಿಕೆ ಮಾತ್ರ ಮನಸ್ಸಿಟ್ಟು ಕೇಳಿ. ತೆಳು ಪಾಕದಲ್ಲಿ ಹಾಕಿದ ಹಣ್ಣು ಮುರಬ್ಬವಲ್ಲ. ಅದು ಫ್ರಿಜ್ಜಿನಲ್ಲಿಟ್ಟು ಕೆಲವೇ ದಿನಗಳಲ್ಲಿ ತಿಂದು ಮುಗಿಸಬೇಕಾದ ತಿನಿಸು. ಅದರಲ್ಲೂ ಪಪ್ಪಾಯಿಯಂಥ ಹುಳಿಯಿಲ್ಲದ ಹಣ್ಣನ್ನು ತೆಳು ಪಾಕದಲ್ಲಿ ಹಾಕಿ, ಬಾಟಲಿಯ ಬಾಯಿ ಬಿಗಿದು ಕಪಾಟಿನಲ್ಲಿ ಇಡುವುದು ಅಪಾಯ. ಗಾಳಿಯಾಡದ, ಹುಳಿಯಿಲ್ಲದ ಜಾಗದಲ್ಲಿ ಬಾಟ್ಯುಲಿಸಂ ಎಂಬ ಮಾರಕ ಕಾಯಿಲೆ ತರುವ ವಿಷವನ್ನು ಉಂಟುಮಾಡುವ ಬ್ಯಾಕ್ಟೀರಿಯಾ ಬೆಳೆಯಬಲ್ಲದು. ಆ ವಿಷ ಬಣ್ಣದಲ್ಲಿ, ವಾಸನೆಯಲ್ಲಿ ಗೊತ್ತಾಗದೆಯೂ ಇರಬಹುದು. ನೆಲ್ಲಿ, ಅನಾನಸ್, ಮಾವಿನಕಾಯಿ ಹುಳಿಯವು. ಅವಕ್ಕೆ ಗಟ್ಟಿ ಪಾಕವೂ ಸೇರಿದರೆ ಆ ಭಯವಿಲ್ಲ.

ಆರೋಗ್ಯದ ವಿಷಯದಲ್ಲಿ ನೇರವಾಗಿ ಹೇಳುತ್ತೇನೆ. ನೆಲ್ಲಿಯಲ್ಲಿ ಸಿ ಜೀವಸತ್ವ ಹೇರಳ ಎಂಬುದು ನಿಜ, ಆದರೆ ಚುಚ್ಚಿ, ನೆನೆಸಿ, ಬೇಯಿಸುವಾಗ ಅದರಲ್ಲಿ ಒಂದಷ್ಟು ಹೋಗಿಯೇ ಹೋಗುತ್ತದೆ. ಉಳಿದ ಕಾಯಿಯ ತುಂಬ ಸಕ್ಕರೆ. ಮಧುಮೇಹ ಇರುವವರಿಗೆ ಇದು ಔಷಧವೆಂದು ಯಾರಾದರೂ ಹೇಳಿದರೆ ನಂಬಬೇಡಿ, ಅವರು ಹಸಿ ನೆಲ್ಲಿಕಾಯಿಯನ್ನೇ ತಿನ್ನಲಿ. ಮಿಕ್ಕವರು ದಿನಕ್ಕೊಂದು ಕಾಯನ್ನು ರುಚಿಗೆಂದು ತಿನ್ನಿ. ಭರಣಿಯಲ್ಲಿ ಉಳಿಯುವ ಪಾಕ ಒಂದು ಹನಿಯೂ ದಂಡವಲ್ಲ. ಬೇಸಿಗೆಯಲ್ಲಿ ಎರಡು ಚಮಚ ಪಾಕಕ್ಕೆ ತಣ್ಣೀರು, ನಾಲ್ಕು ಹನಿ ನಿಂಬೆ ಬೆರೆಸಿದರೆ ಒಳ್ಳೆಯ ಪಾನಕ.

ಹಸಿ ನೆಲ್ಲಿಯ ಕಾಲ ಮಾಘ ಕಳೆಯುವ ಹೊತ್ತಿಗೆ ಮುಗಿಯುತ್ತಾ ಬರುತ್ತದೆ. ಈ ವಾರದ ಸಂತೆಯಲ್ಲಿ ಒಂದು ಕಿಲೋ ಕಾಯಿ ತನ್ನಿ. ಮೊದಲ ಸಲ ಅದಕ್ಕಿಂತ ಹೆಚ್ಚು ಬೇಡ. ಬಾಟಲಿಯ ಮೇಲೆ ಮಾಡಿದ ದಿನಾಂಕ ಬರೆದು ಅಂಟಿಸಿ, ವಾರದ ಮೇಲೆ ಪಾಕ ನೋಡುವ ದಿನವನ್ನೂ ಅದರಲ್ಲೇ ಬರೆದಿಡಿ.